ತೋಟದಾಚೆ ಮುಸಿಯ ಸತ್ತು ಬಿದ್ದಿದೆ, ಅಮ್ಮ ಹತ್ತಿರ ಹೋಗಿ ಬಂದಿದ್ದಾಳೆ. ಈಗ ಏನು ಮಾಡಬೇಕು?

ಸಾಗರದ ಮಗಳು · ಜನವರಿ 9, ರಾತ್ರಿ 8.40

ಎಲ್ಲರಿಗೂ ನಮಸ್ಕಾರ. ಗಾಬರಿಯಲ್ಲೇ ಬರೆಯುತ್ತಿದ್ದೇನೆ.

ನಾನಿರುವುದು ಬೆಂಗಳೂರಿನಲ್ಲಿ. ಅಪ್ಪ ಅಮ್ಮ ಸಾಗರ ತಾಲ್ಲೂಕಿನ ಒಂದು ಹಳ್ಳಿಯಲ್ಲಿದ್ದಾರೆ. ಮನೆ ಹಿಂದೆ ಅಡಿಕೆ ತೋಟ, ತೋಟದಾಚೆ ಸೊಪ್ಪಿನ ಬೆಟ್ಟ, ಅದರಾಚೆ ಕಾಡು. ನಿನ್ನೆ ಅಮ್ಮ ಕೊಟ್ಟಿಗೆಗೆ ದರಗು (ಉದುರಿದ ಒಣ ಎಲೆ) ಗುಡಿಸಿ ತರಲು ಬೆಟ್ಟಕ್ಕೆ ಹೋಗಿದ್ದಳು. ಹಲಸಿನ ಮರದ ಬುಡದಲ್ಲಿ ಒಂದು ಮುಸಿಯ, ಅಂದರೆ ಕಪ್ಪು ಮೂತಿಯ ಮಂಗ, ಸತ್ತು ಬಿದ್ದಿತ್ತಂತೆ. ಗಾಯ ಇಲ್ಲ, ನಾಯಿ ಹಿಡಿದ ಗುರುತಿಲ್ಲ. ಮಲಗಿದ ಹಾಗೇ ಇತ್ತಂತೆ. "ಆಂಜನೇಯ ಅಲ್ವಾ, ಹಾಗೇ ಬಿಟ್ಟು ಬರೋಕೆ ಮನಸ್ಸು ಬರಲಿಲ್ಲ" ಅಂತ ಹಳೇ ಸೀರೆ ತುಂಡು ಹೊದಿಸಿ, ಒಂದು ದಾಸವಾಳ ಇಟ್ಟು ಬಂದಿದ್ದಾಳೆ. ಇವತ್ತು ಸಂಜೆ ಫೋನಿನಲ್ಲಿ ಮಾತಿನ ಮಧ್ಯೆ ಸುಮ್ನೆ ಹೇಳಿದಳು, ಏನೂ ಆಗಿಲ್ಲ ಅನ್ನುವ ಹಾಗೆ.

ನನಗೆ ಕೈಕಾಲು ತಣ್ಣಗಾಯಿತು. ಮಂಗನ ಕಾಯಿಲೆ ಅಂತ ಚಿಕ್ಕಂದಿನಿಂದ ಕೇಳಿದ್ದೇನೆ, ಆದರೆ ಅದು ಹೇಗೆ ಬರುತ್ತದೆ ಅಂತ ಸರಿಯಾಗಿ ಗೊತ್ತಿಲ್ಲ. ಸತ್ತ ಮಂಗನನ್ನು ಮುಟ್ಟಿದರೆ ಬರುತ್ತದಾ? ಗಾಳಿಯಲ್ಲಿ ಬರುತ್ತದಾ? ಅಮ್ಮನಿಂದ ಅಪ್ಪನಿಗೆ ಬರುತ್ತದಾ? ಅಪ್ಪನಿಗೆ ಸಕ್ಕರೆ ಕಾಯಿಲೆ ಇದೆ. ಪ್ರಾಣಿಯ ಮೈಯೊಳಗಿನ ವೈರಸ್ ನಮ್ಮ ಮೈಗೆ ಬರುವ ದಾರಿ ಯಾವುದು? ತಿಳಿದವರು ದಯವಿಟ್ಟು ಹೇಳಿ.


ಹೊಸನಗರ ತೋಟ · ಜನವರಿ 9, ರಾತ್ರಿ 8.55

ಅಕ್ಕ, ವಿವರ ಆಮೇಲೆ. ಈಗಲೇ ಅಮ್ಮನಿಗೆ ಫೋನ್ ಮಾಡಿ ಹೇಳಿ. ನಿನ್ನೆ ಉಟ್ಟಿದ್ದ ಸೀರೆ, ತಲೆಗೆ ಕಟ್ಟಿದ್ದ ಬಟ್ಟೆ ಎಲ್ಲ ಕುದಿಯುವ ನೀರಿಗೆ ಹಾಕಲಿ. ಮೈ ಪೂರ್ತಿ ನೋಡಿಕೊಳ್ಳಲಿ. ಮಂಡಿ ಸಂದು, ಸೊಂಟದ ಪಟ್ಟಿ, ಕಂಕುಳು, ಕಿವಿ ಹಿಂದೆ. ಬೆಳಿಗ್ಗೆ ಎದ್ದ ಕೂಡಲೇ ಊರಿನ ಆಶಾ ಕಾರ್ಯಕರ್ತೆಗೆ ಮುಸಿಯ ಸತ್ತ ಜಾಗ ತಿಳಿಸಲಿ. ಆ ಕಡೆ ಮತ್ತೆ ಯಾರೂ ಹೋಗುವುದು ಬೇಡ.

ನನಗೆ ಈ ಕಾಯಿಲೆ ಬಂದು ಹೋಗಿದೆ. ಅದನ್ನು ನಾಳೆ ಬರೆಯುತ್ತೇನೆ.


ಗುಡ್ಡದ ಸೈಕಲ್ · ಜನವರಿ 9, ರಾತ್ರಿ 9.50

ತಂಗಿ, ನಾನು ಆರೋಗ್ಯ ಸಹಾಯಕನಾಗಿ ಮಲೆನಾಡಿನಲ್ಲೇ ಕೆಲಸ ಮಾಡಿ ನಿವೃತ್ತನಾದವನು. ಸತ್ತ ಮಂಗನ ಸುದ್ದಿ ಬಂದಾಗ ಪುಡಿ ಚೀಲ ಕಟ್ಟಿಕೊಂಡು ಗುಡ್ಡ ಹತ್ತಿದ್ದಕ್ಕೆ ಲೆಕ್ಕ ಇಲ್ಲ. ಹೊಸನಗರದವರು ಹೇಳಿದ್ದು ನೂರಕ್ಕೆ ನೂರು ಸರಿ. ಅಮ್ಮನಿಂದ ಅಪ್ಪನಿಗೆ ಬರುವುದಿಲ್ಲ. ಈ ಕಾಯಿಲೆ ಮನುಷ್ಯರಿಂದ ಮನುಷ್ಯರಿಗೆ ಹರಡುವುದಿಲ್ಲ. ಆ ಒಂದು ಭಯ ಈಗಲೇ ಬಿಡಿ. ಒಂದೇ ತಟ್ಟೆಯಲ್ಲಿ ಉಂಡರೂ ಬರುವುದಿಲ್ಲ.

ಈಗ ದಾರಿಯ ವಿಷಯ. ಹೆಸರು ಮಂಗನದ್ದು, ಕೆಲಸ ಉಣುಗಿನದ್ದು. ಕೆಲವರು ಉಣ್ಣೆ ಅನ್ನುತ್ತಾರೆ. ದನದ ಕಿವಿಯಲ್ಲಿ ಕಚ್ಚಿಕೊಂಡಿರುತ್ತದಲ್ಲ, ಅದೇ ಜಾತಿ. ಅದರ ಬದುಕು ಹೀಗೆ. ಹೆಣ್ಣು ಉಣುಗು ದನದಂಥ ದೊಡ್ಡ ಪ್ರಾಣಿಯ ರಕ್ತ ಕುಡಿದು ಅವರೆಕಾಳಿನ ಹಾಗೆ ಉಬ್ಬುತ್ತದೆ. ಕೆಳಗೆ ಉದುರಿ, ದರಗಿನ ಅಡಿಯಲ್ಲಿ ಸಾವಿರಗಟ್ಟಲೆ ಮೊಟ್ಟೆ ಇಟ್ಟು ಸಾಯುತ್ತದೆ. ಮಳೆಗಾಲ ಕಳೆದ ಮೇಲೆ ಮರಿಗಳು ಹೊರಗೆ ಬರುತ್ತವೆ. ಅವಕ್ಕೆ ಆರೇ ಕಾಲು. ನೋಡಿದರೆ ಧೂಳು ಕೂತ ಹಾಗೆ ಕಾಣುತ್ತವೆ. ಕಾಡಿಲಿ, ಸೊಂಡಿಲಿ, ಹಕ್ಕಿ, ಮಂಗ, ಯಾವುದು ಸಿಕ್ಕಿದರೆ ಅದಕ್ಕೆ ಹತ್ತುತ್ತವೆ. ಒಂದು ಸಲ ಹೊಟ್ಟೆ ತುಂಬಾ ಕುಡಿದು ಉದುರುತ್ತವೆ, ಪೊರೆ ಕಳಚುತ್ತವೆ, ಎಂಟು ಕಾಲಿನ ಎಳೆ ಉಣುಗು ಆಗುತ್ತವೆ.

ಈ ಎಳೆ ಉಣುಗೇ ನಮಗೆ ಅಪಾಯ. ಎಳ್ಳಿಗಿಂತ ಚಿಕ್ಕದು. ಹುಲ್ಲಿನ ತುದಿಯಲ್ಲೋ ದರಗಿನ ಅಂಚಿನಲ್ಲೋ ಮುಂಗಾಲು ಎತ್ತಿ ಹಿಡಿದು ಕಾಯುತ್ತಿರುತ್ತದೆ. ಕಾಲು ತಾಗಿದರೆ ಸಾಕು, ಹತ್ತಿಬಿಡುತ್ತದೆ. ಕಚ್ಚಿದ್ದು ಗೊತ್ತೇ ಆಗುವುದಿಲ್ಲ. ಅದು ಮರಿಯಾಗಿದ್ದಾಗ ಕುಡಿದ ರಕ್ತದಲ್ಲಿ ವೈರಸ್ ಇದ್ದಿದ್ದರೆ, ಪೊರೆ ಕಳಚಿದ ಮೇಲೂ ಆ ವೈರಸ್ ಅದರೊಳಗೇ ಉಳಿದಿರುತ್ತದೆ. ಮುಂದಿನ ಊಟ ನಿಮ್ಮ ಅಮ್ಮನದ್ದಾದರೆ ಎಂಜಲಿನ ಜೊತೆ ಅವರ ರಕ್ತಕ್ಕೆ ಇಳಿಯುತ್ತದೆ. ದಾರಿ ಇಷ್ಟೇ. ಮಂಗನ ರಕ್ತ, ಉಣುಗಿನ ಹೊಟ್ಟೆ, ಉಣುಗಿನ ಎಂಜಲು, ನಮ್ಮ ರಕ್ತ.

ಹಾಗಾದರೆ ಸತ್ತ ಮಂಗನ ಹತ್ತಿರ ಯಾಕೆ ಹೋಗಬಾರದು? ಮೈ ತಣ್ಣಗಾಗುತ್ತಿದ್ದ ಹಾಗೆ ಅದರ ಮೇಲಿದ್ದ ಉಣುಗುಗಳು ಇಳಿದು ಸುತ್ತಲ ದರಗಿಗೆ ಸೇರುತ್ತವೆ. ಕಾಯಿಲೆಯ ಮಂಗನ ರಕ್ತ ಕುಡಿದ ಉಣುಗುಗಳೆಲ್ಲ ಒಂದೇ ಮರದ ಬುಡದಲ್ಲಿ! ಅದಕ್ಕೇ ನಾವು ಆ ಜಾಗದ ಸುತ್ತ ಮೆಲಾಥಿಯಾನ್ ಅನ್ನುವ ಕೀಟನಾಶಕ ಪುಡಿ ಉದುರಿಸುತ್ತಿದ್ದೆವು. ಮುಟ್ಟುವುದೂ ಒಳ್ಳೆಯದಲ್ಲ. 2012ರಲ್ಲಿ ಬಂಡೀಪುರದಲ್ಲಿ ಸತ್ತ ಮಂಗಗಳ ಕೆಲಸ ಮಾಡಿದ ಕೆಲವರಿಗೇ ಕಾಯಿಲೆ ಬಂದಿತ್ತು.

ಉಣುಗು ಕಚ್ಚಿದ್ದರೆ ಸಾಮಾನ್ಯವಾಗಿ 3ರಿಂದ 8 ದಿನದೊಳಗೆ ಜ್ವರ ಬರುತ್ತದೆ. ನೀವು ಎರಡು ವಾರ ನೋಡಿ. ದಿಢೀರ್ ಜ್ವರ, ಹಣೆ ಸೀಳುವಂಥ ತಲೆನೋವು, ಸೊಂಟ ಮತ್ತು ಮೀನಖಂಡದ ನೋವು, ಕಣ್ಣು ಕೆಂಪು. ಇವು ಕಂಡರೆ ಮನೆಯಲ್ಲಿ ಕೂರಬೇಡಿ. ಡಾಕ್ಟರಿಗೆ "ಮುಸಿಯ ಸತ್ತ ಜಾಗಕ್ಕೆ ಹೋಗಿದ್ದೆ" ಅಂತ ಮೊದಲ ಮಾತಿನಲ್ಲೇ ಹೇಳಲಿ. ಪ್ಯಾರಾಸಿಟಮಾಲ್ ಬಿಟ್ಟು ಬೇರೆ ನೋವಿನ ಮಾತ್ರೆ, ನೋವಿನ ಇಂಜೆಕ್ಷನ್ ತಾವಾಗಿಯೇ ತಗೊಳ್ಳುವುದು ಬೇಡ. ಈ ಕಾಯಿಲೆಯಲ್ಲಿ ಪ್ಲೇಟ್ಲೆಟ್ ಇಳಿಯುತ್ತದೆ, ಒಸಡು ಮೂಗಲ್ಲಿ ರಕ್ತ ಬರಬಹುದು.


ಸಾಗರದ ಮಗಳು · ಜನವರಿ 9, ರಾತ್ರಿ 10.30

ಸರ್, ನಿಮಗೆ ಹೇಗೆ ಧನ್ಯವಾದ ಹೇಳಲಿ. ಅಮ್ಮನನ್ನು ಎಬ್ಬಿಸಿ ಮಾತಾಡಿದೆ. ಅಪ್ಪ ಟಾರ್ಚ್ ಹಿಡಿದು ನೋಡಿದರು. ಎಡ ಮಂಡಿಯ ಹಿಂದೆ ಒಂದು ಸಣ್ಣ ಕಪ್ಪು ಚುಕ್ಕೆ ಕಚ್ಚಿಕೊಂಡಿತ್ತು. ಮಚ್ಚೆ ಅಂದುಕೊಂಡಿದ್ದಳಂತೆ. ಸೀಮೆಎಣ್ಣೆ ಹಾಕಲು ಹೊರಟಿದ್ದರು, ನಿಲ್ಲಿಸಿದ್ದೇನೆ. ಏನು ಮಾಡಲಿ?


ಗುಡ್ಡದ ಸೈಕಲ್ · ಜನವರಿ 9, ರಾತ್ರಿ 10.36

ಸೀಮೆಎಣ್ಣೆ ಬೇಡ, ಬೀಡಿ ಬೆಂಕಿ ಬೇಡ, ಸುಣ್ಣ ಬೇಡ. ಕೆಣಕಿದರೆ ಒಳಗಿದ್ದದ್ದನ್ನು ಗಾಯಕ್ಕೇ ಕಕ್ಕಬಹುದು. ಚಿಮಟ ಇದ್ದರೆ ಚರ್ಮಕ್ಕೆ ಆದಷ್ಟು ಹತ್ತಿರ ಹಿಡಿದು, ತಿರುಚದೆ, ನಿಧಾನ ನೇರ ಮೇಲಕ್ಕೆ ಎಳೆಯಲಿ. ಉಗುರಿನ ಮಧ್ಯೆ ಹಿಸುಕಬಾರದು. ಆಮೇಲೆ ಸೋಪು ನೀರು ಹಾಕಿ ಚೆನ್ನಾಗಿ ತೊಳೆಯಲಿ. ಧೈರ್ಯವಾಗಿರಿ. ಎಲ್ಲ ಉಣುಗಿನಲ್ಲೂ ವೈರಸ್ ಇರುವುದಿಲ್ಲ. ತಾರೀಖು ಬರೆದಿಟ್ಟುಕೊಳ್ಳಿ.


ಶಿವಮೊಗ್ಗ ಎಕ್ಸ್‌ಪ್ರೆಸ್ · ಜನವರಿ 10, ಬೆಳಿಗ್ಗೆ 7.15

ಅಕ್ಕ, ಅಮ್ಮ ಹುಷಾರಾಗಿರಲಿ ಅಂತ ಬೇಡಿಕೊಳ್ಳುತ್ತೇನೆ. ಆದರೆ ಒಂದು ಮಾತು ಹೇಳಲೇಬೇಕು. ಮಂಗಗಳ ಕಾಟ ಈಗ ಮಿತಿ ಮೀರಿದೆ. ಬಾಳೆ ಇಲ್ಲ, ಏಲಕ್ಕಿ ಇಲ್ಲ, ಈಗ ಜೀವಕ್ಕೂ ಕುತ್ತು. ಎಲ್ಲವನ್ನೂ ಹಿಡಿದು ದೂರದ ಕಾಡಿಗೆ ಬಿಟ್ಟರೆ ಕಾಯಿಲೆಯೂ ಹೋಗುತ್ತದಲ್ವಾ? ರೈತನಾಗಿ ಕೇಳುತ್ತಿದ್ದೇನೆ, ಬೇರೆ ಉದ್ದೇಶ ಇಲ್ಲ.


ಕಾಡು ಓದುವವನು · ಜನವರಿ 10, ಬೆಳಿಗ್ಗೆ 9.20

ನಿಮ್ಮ ಕಷ್ಟ ನಿಜ. ಬೆಳೆ ಹಾಳಾಗುವ ಸಂಕಟ ನಮ್ಮ ಮನೆಯಲ್ಲೂ ಇದೆ. ಆದರೆ ಇದಕ್ಕೆ ಅದು ಉತ್ತರ ಅಲ್ಲ. ಮಂಗನನ್ನು ಬೇರೆ ಕಾಡಿಗೆ ಬಿಟ್ಟರೆ ಅದರ ಮೈ ಮೇಲಿನ ಉಣುಗು, ರಕ್ತದಲ್ಲಿರುವ ವೈರಸ್ ಎಲ್ಲ ಅದರ ಜೊತೆಗೇ ಹೋಗುತ್ತವೆ. ಕಾಯಿಲೆ ಇಲ್ಲದ ಊರಿಗೆ ನಾವೇ ಕೈಯಾರೆ ಕೊಟ್ಟ ಹಾಗಾಗುತ್ತದೆ. ಇನ್ನೊಂದು ವಿಷಯ. ಈ ಕಾಯಿಲೆಯಲ್ಲಿ ಮೊದಲು ಸಾಯುವುದೇ ಮಂಗ. ಊರಿನವರಿಗೆ ಜ್ವರ ಶುರುವಾಗುವ ಮೊದಲೇ ಕಾಡಿನಲ್ಲಿ ಅವು ಉದುರುತ್ತವೆ. ಅವು ಇಲ್ಲದಿದ್ದರೆ ನಮಗೆ ಮುನ್ಸೂಚನೆಯೇ ಸಿಗುವುದಿಲ್ಲ.

ಶುರುವಾಗಿದ್ದೇ ಹಾಗೆ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮುಸಿಯ, ಕೆಂಪು ಮೂತಿಯ ಮಂಗ ಎರಡೂ ಸಾಯತೊಡಗಿದವು. ಸುತ್ತಲ ಹಳ್ಳಿಗಳಲ್ಲಿ ಜನಕ್ಕೆ ಜ್ವರ. ಎರಡಕ್ಕೂ ನಂಟಿದೆ ಅಂತ ಹಳ್ಳಿಯವರಿಗೆ ಗೊತ್ತಾಗಿತ್ತು. ಮಂಗನ ಕಾಯಿಲೆ ಅನ್ನುವ ಹೆಸರು ಅವರದ್ದೇ. ಪುಣೆಯ ವೈರಸ್ ಸಂಶೋಧನಾ ಕೇಂದ್ರದಿಂದ ಟೆಲ್ಫೋರ್ಡ್ ವರ್ಕ್, ಹೆರಾಲ್ಡ್ ಟ್ರಪಿಡೊ ಮೊದಲಾದವರು ಬಂದರು. ಈಗ ಅದೇ ಕೇಂದ್ರ ರಾಷ್ಟ್ರೀಯ ವೈರಾಣು ಸಂಸ್ಥೆ ಆಗಿದೆ. ಅವರಿಗೆ ಮೊದಲು ಬಂದ ಭಯ ಹಳದಿ ಜ್ವರದ್ದು. ದಕ್ಷಿಣ ಅಮೆರಿಕದ ಕಾಡುಗಳಲ್ಲಿ ಹಳದಿ ಜ್ವರ ಬಂದಾಗ ಮಂಗಗಳು ಹೀಗೇ ಸಾಯುತ್ತವೆ. ಏಷ್ಯಾದಲ್ಲಿ ಆ ಕಾಯಿಲೆ ಇರಲೇ ಇಲ್ಲ. ಅದು ಇಲ್ಲಿಗೆ ಕಾಲಿಟ್ಟಿದ್ದರೆ ಕೋಟಿಗಟ್ಟಲೆ ಜನಕ್ಕೆ ಅಪಾಯವಿತ್ತು. ಪರೀಕ್ಷೆ ಮಾಡಿದಾಗ ಅದಲ್ಲ ಅಂತ ಗೊತ್ತಾಯಿತು. ರಷ್ಯಾದ ಕಾಡುಗಳಲ್ಲಿ ಉಣ್ಣೆಯಿಂದ ಬರುವ ಮೆದುಳು ಜ್ವರದ ವೈರಸ್ಸಿಗೆ ಹತ್ತಿರದ ಸಂಬಂಧಿ ಇದು. ಆಮೇಲೆ ಹುಡುಕಾಟ ಸೊಳ್ಳೆಯಿಂದ ಉಣ್ಣೆಯ ಕಡೆಗೆ ತಿರುಗಿತು. ಹಿಮಾಫೈಸಾಲಿಸ್ ಸ್ಪಿನಿಜೆರಾ ಅನ್ನುವ ಜಾತಿ ಮುಖ್ಯ ಅಂತ ತಿಳಿಯಿತು.

ಹೊರ್ಹೆ ಬೊಶೆಲ್ ಅಂತ ಕೊಲಂಬಿಯಾ ದೇಶದ ವಿಜ್ಞಾನಿಯೊಬ್ಬರು ಈ ಕಾಯಿಲೆಯ ಬಗ್ಗೆ ಕೆಲಸ ಮಾಡಿದ್ದರು. ಅವರ ಹಿಂದಿನ ಒಂದು ಅನುಭವ ನನಗೆ ತುಂಬಾ ಇಷ್ಟ. ಅವರ ದೇಶದ ಕಾಡಿನಲ್ಲಿ ಮರ ಕಡಿಯುವವರನ್ನು ನೋಡುತ್ತಾ ನಿಂತಿದ್ದರಂತೆ. ದೊಡ್ಡ ಮರ ಉರುಳಿದ ಕೂಡಲೇ ಕಡಿಯುವವರ ಸುತ್ತ ನೀಲಿ ಬಣ್ಣದ ಸೊಳ್ಳೆಗಳು ಮುತ್ತಿಕೊಂಡವು. ಅವು ಮರದ ನೆತ್ತಿಯಲ್ಲಿ ಮಂಗಗಳ ಜೊತೆ ಬದುಕುವ ಸೊಳ್ಳೆಗಳು, ಹಳದಿ ಜ್ವರ ಒಯ್ಯುವಂಥವು. ಮರ ಬಿದ್ದಾಗ ಅವೂ ನೆಲಕ್ಕೆ ಬಂದವು. ಅದೇ ಮನುಷ್ಯ ಇಲ್ಲಿಯ ಕಾಡು ನೋಡಿ 1969ರಲ್ಲಿ ಬರೆದರು: ಕಾಡಿನ ಅಂಚು ಕಡಿದು, ಅಲ್ಲಿ ದನ ಮೇಯಿಸಲು ಶುರು ಮಾಡಿದ ಮೇಲೆ ಉಣ್ಣೆ ಲೆಕ್ಕ ಮೀರಿ ಹೆಚ್ಚಿದೆ, ಕಾಡಿನೊಳಗೆ ಸುಮ್ಮನಿದ್ದ ವೈರಸ್ಸಿಗೆ ಊರಿನ ದಾರಿ ಸಿಕ್ಕಿದೆ. ವೈರಸ್ ನಮ್ಮನ್ನು ಹುಡುಕಿಕೊಂಡು ಬರುವುದಿಲ್ಲ. ನಾವು ಇರುವಲ್ಲಿಗೆ ಅದರ ವಾಹನ ಬರುವ ಹಾಗೆ ನೆಲ ಬದಲಾಗಿರುತ್ತದೆ.


ಉಜಿರೆ ರಸ್ತೆ · ಜನವರಿ 10, ಮಧ್ಯಾಹ್ನ 1.05

ಮೇಲಿನವರು ಹೇಳಿದ್ದಕ್ಕೆ ನಮ್ಮ ಬೆಳ್ತಂಗಡಿ ತಾಲ್ಲೂಕೇ ಸಾಕ್ಷಿ. 1980ರ ದಶಕದ ಮೊದಲಲ್ಲಿ ನಿಡ್ಲೆ ಕಡೆ ಗೇರು ತೋಟ ಮಾಡಲು ಕಾಡು ಕಡಿದರು. ಅದರ ಬೆನ್ನಿಗೇ ಕಾಯಿಲೆ ಎದ್ದಿತು. ಅಲ್ಲಿಯವರೆಗೆ ಇದು ಘಟ್ಟದ ಮೇಲಿನ ಕಾಯಿಲೆ ಅಂತಲೇ ನಮ್ಮವರು ತಿಳಿದಿದ್ದು. ಸಾವಿರಕ್ಕೂ ಹೆಚ್ಚು ಜನ ಮಲಗಿದರು, ಸತ್ತವರೂ ಬಹಳ. ನಮ್ಮ ಅಪ್ಪ ಆಗ ಹುಡುಗ. ಮರ ಕಡಿಯುವ ಕೂಲಿಗೆ ಹೋದ ಅವರ ಸೋದರಮಾವ ವಾಪಸ್ಸು ಬಂದು ಹತ್ತು ದಿನ ಮಲಗಿದ್ದರಂತೆ, ಹೊರಗಿನ ಬೆಳಕಿಗೆ ಕಣ್ಣು ಬಿಡಲು ಆಗುತ್ತಿರಲಿಲ್ಲವಂತೆ. ಬದುಕಿದರು. ಅವರ ಜೊತೆ ಹೋದ ಇಬ್ಬರು ಬದುಕಲಿಲ್ಲ.

ಇದನ್ನೆಲ್ಲ ಯಾಕೆ ಹೇಳುತ್ತಿದ್ದೇನೆ ಅಂದರೆ, ಕಾಡು ಕಡಿಸಲು ತೀರ್ಮಾನ ಮಾಡಿದವರು ಒಬ್ಬರು, ಉಣ್ಣೆ ಕಚ್ಚಿಸಿಕೊಂಡವರು ಇನ್ನೊಬ್ಬರು. ದಿನಗೂಲಿಗೆ ಹೋದವರು, ಸೊಪ್ಪಿಗೆ ಹೋದವರು, ಕಟ್ಟಿಗೆಗೆ ಹೋದವರು. ಈಗಲೂ ಹಾಗೇ ಇದೆ. ಗೋವಾದ ಸತ್ತರಿ ಕಡೆ, ಮಹಾರಾಷ್ಟ್ರದ ದೋಡಾಮಾರ್ಗ ಕಡೆ ಕಾಯಿಲೆ ಹೋದಾಗಲೂ ಮಲಗಿದವರಲ್ಲಿ ಗೇರು ಕೊಯ್ಯುವವರು ಬಹಳ.


ಚಂದ್ರಗಿರಿ ಹೊಳೆ · ಜನವರಿ 10, ರಾತ್ರಿ 9.10

ನಾನು ಕಾಸರಗೋಡಿನವಳು. ಕೋಳಿಕ್ಕೋಡಿನ ಒಂದು ಆಸ್ಪತ್ರೆಯಲ್ಲಿ ನರ್ಸ್. ಅಕ್ಕ ಕೇಳಿದ "ದಾರಿ ಯಾವುದು" ಅನ್ನುವ ಪ್ರಶ್ನೆ ನನ್ನ ತಲೆಯಲ್ಲಿ 2018ರಿಂದ ಇದೆ, ಅದಕ್ಕೇ ಬರೆಯುತ್ತಿದ್ದೇನೆ.

ಆ ವರ್ಷ ಮೇ ತಿಂಗಳಲ್ಲಿ ಪೇರಾಂಬ್ರ ಹತ್ತಿರ ಒಂದೇ ಮನೆಯಲ್ಲಿ ಒಬ್ಬರ ಹಿಂದೆ ಒಬ್ಬರಿಗೆ ಜ್ವರ, ಮೆದುಳಿನ ಬಾವು. ಮಾದರಿ ನಮ್ಮ ಮಣಿಪಾಲದ ವೈರಸ್ ಲ್ಯಾಬಿಗೆ ಹೋಯಿತು. ನಿಫಾ ಅಂತ ಗುರುತು ಹಿಡಿದದ್ದು ಅಲ್ಲೇ. ಮೊದಲು ಎಲ್ಲರ ಕಣ್ಣು ಬಿದ್ದದ್ದು ಆ ಕುಟುಂಬದ ಬಾವಿಯಲ್ಲಿದ್ದ ಬಾವಲಿಗಳ ಮೇಲೆ. ಪರೀಕ್ಷೆ ಮಾಡಿದರೆ ಅವು ಹುಳ ತಿನ್ನುವ ಬಾವಲಿ, ಅವುಗಳಲ್ಲಿ ವೈರಸ್ ಇರಲಿಲ್ಲ. ಆಮೇಲೆ ಅದೇ ಪ್ರದೇಶದ ಹಣ್ಣು ತಿನ್ನುವ ದೊಡ್ಡ ಬಾವಲಿಗಳಲ್ಲಿ ಸಿಕ್ಕಿತು. ಆದರೆ ಮೊದಲ ರೋಗಿಯನ್ನು ಬಿಟ್ಟರೆ ಉಳಿದವರಿಗೆ ಬಾವಲಿಯಿಂದ ಬಂದಿದ್ದಲ್ಲ. ಮನುಷ್ಯರಿಂದ, ಅದೂ ಹೆಚ್ಚಾಗಿ ಆಸ್ಪತ್ರೆಗಳಲ್ಲಿ, ಕೆಮ್ಮಿನ ಹತ್ತಿರ, ಆರೈಕೆ ಮಾಡುವಾಗ. 17 ಜನ ಹೋದರು. ಪೇರಾಂಬ್ರ ತಾಲ್ಲೂಕು ಆಸ್ಪತ್ರೆಯ ಒಬ್ಬ ನರ್ಸ್ ಕೂಡ ಹೋದರು. ನನ್ನದೇ ವಯಸ್ಸಿನ ತಾಯಿ. ಆ ವಾರ ನಾವು ಮನೆಗೆ ಹೋದರೂ ಮಕ್ಕಳನ್ನು ಎತ್ತಿಕೊಳ್ಳಲಿಲ್ಲ.

ಒಂದೇ ನಿಫಾ ವೈರಸ್, ದಾರಿ ಮಾತ್ರ ಊರೂರಿಗೆ ಬೇರೆ. 1998-99ರಲ್ಲಿ ಮಲೇಷ್ಯಾದಲ್ಲಿ ಹಂದಿ ಸಾಕುವವರು ಗೂಡಿನ ಪಕ್ಕದಲ್ಲೇ ಮಾವು ಬೆಳೆದಿದ್ದರು. ಬಾವಲಿ ಹಣ್ಣು ಕಚ್ಚಿ ಬೀಳಿಸಿತು, ಹಂದಿ ತಿಂದಿತು, ಹಂದಿಯಿಂದ ಮಾಲೀಕರಿಗೆ ಬಂತು. ಮೊದಲು ಸೊಳ್ಳೆಯ ಮೆದುಳು ಜ್ವರ ಅಂದುಕೊಂಡು ಸೊಳ್ಳೆಗೆ ಹೊಗೆ ಹಾಕಿದರು. ದಾರಿ ತಪ್ಪು ತಿಳಿದರೆ ಹೀಗಾಗುತ್ತದೆ. 100ಕ್ಕೂ ಹೆಚ್ಚು ಜನ ಸತ್ತರು, 10 ಲಕ್ಷ ಹಂದಿಗಳನ್ನು ಕೊಂದರು. ಬಾಂಗ್ಲಾದೇಶದಲ್ಲಿ ಹಂದಿ ಸಾಕುವವರು ಕಡಿಮೆ, ಅಲ್ಲಿಯದು ಮುಖ್ಯವಾಗಿ ಈಚಲು ಮರದ ದಾರಿ. ಚಳಿಗಾಲದಲ್ಲಿ ರಾತ್ರಿ ಮರಕ್ಕೆ ಮಡಕೆ ಕಟ್ಟಿ ಬೆಳಗ್ಗೆ ಹಸಿ ನೀರಾ ಕುಡಿಯುತ್ತಾರೆ. ಬಾವಲಿಯೂ ರಾತ್ರಿ ಅದೇ ರಸ ನೆಕ್ಕುತ್ತದೆ, ಅಲ್ಲೇ ಉಚ್ಚೆ ಹೊಯ್ಯುತ್ತದೆ. ಮರ ಕೆತ್ತಿದ ಜಾಗಕ್ಕೆ ಬಿದಿರಿನ ತಟ್ಟಿ ಮರೆ ಕಟ್ಟಿದರೆ ಬಾವಲಿ ರಸಕ್ಕೆ ಬಾಯಿ ಹಾಕಲು ಆಗುವುದಿಲ್ಲ. ಇದಕ್ಕೆ ದೊಡ್ಡ ಖರ್ಚೇನೂ ಇಲ್ಲ.


ಮೊದಲ ಪ್ರಶ್ನೆ · ಜನವರಿ 10, ರಾತ್ರಿ 9.45

ಒಂದು ಸಂಶಯ. ಮಂಗನ ಕಾಯಿಲೆ ಮನುಷ್ಯರಿಂದ ಹರಡುವುದಿಲ್ಲ, ನಿಫಾ ಸ್ವಲ್ಪ ಹರಡುತ್ತದೆ, ಕೊರೊನಾ ಊರಿಗೆ ಊರೇ ಹರಡಿತು. ಯಾಕೆ ಹೀಗೆ? ಮತ್ತೆ ಹಕ್ಕಿ ಜ್ವರ ಬಂದಾಗ ಕೋಳಿ ತಿನ್ನಬಹುದಾ?


ಕಾಡು ಓದುವವನು · ಜನವರಿ 10, ರಾತ್ರಿ 10.20

ಎರಡು ಬಾಗಿಲು ಅಂದುಕೊಳ್ಳಿ. ಒಂದು ಒಳಗೆ ಬರುವ ಬಾಗಿಲು. ನಮ್ಮ ಜೀವಕೋಶದ ಹೊರಗೆ ಬೀಗದಂಥ ರಚನೆಗಳಿರುತ್ತವೆ. ವೈರಸ್ಸಿನ ಮೇಲ್ಮೈಯಲ್ಲಿರುವ ಕೀಲಿ ಅದಕ್ಕೆ ಹೊಂದಿದರೆ ಮಾತ್ರ ಒಳಗೆ ಬರುತ್ತದೆ. ನಮ್ಮ ಸುತ್ತ ಇರುವ ಎಷ್ಟೋ ಪ್ರಾಣಿಗಳ ವೈರಸ್ಸುಗಳಿಗೆ ನಮ್ಮ ಬೀಗ ಹೊಂದುವುದೇ ಇಲ್ಲ. ಇನ್ನೊಂದು ಹೊರಗೆ ಹೋಗುವ ಬಾಗಿಲು. ಇದನ್ನು ನಾವು ಮರೆಯುತ್ತೇವೆ. ಒಳಗೆ ಬಂದ ವೈರಸ್ ಮತ್ತೊಬ್ಬರನ್ನು ಮುಟ್ಟಬೇಕಾದರೆ ಕೆಮ್ಮು, ಎಂಜಲು, ಹೀಗೆ ಯಾವುದಾದರೂ ದಾರಿಯಲ್ಲಿ ಹೊರಬೀಳಬೇಕು. ಕೊರೊನಾ ಮೂಗು ಗಂಟಲಲ್ಲೇ ಬೆಳೆಯುತ್ತಿತ್ತು. ಮಾತಾಡಿದರೂ ಹೊರಗೆ ಬರುತ್ತಿತ್ತು. ಮಂಗನ ಕಾಯಿಲೆಯ ವೈರಸ್ ರಕ್ತದಲ್ಲಿರುತ್ತದೆ. ಅದಕ್ಕೆ ಹೊರಗೆ ಹೋಗಲು ಮತ್ತೆ ಉಣುಗೇ ಬೇಕು. ಮನೆಯಲ್ಲಿ ಮಲಗಿದ ರೋಗಿಗೆ ಕಾಡಿನ ಉಣುಗು ಎಲ್ಲಿಂದ ಬರಬೇಕು? ಹಾಗಾಗಿ ನಮ್ಮಲ್ಲಿಗೆ ಬಂದು ಅದರ ದಾರಿ ಮುಗಿಯುತ್ತದೆ. ನಾಯಿ ಕಚ್ಚಿ ಬರುವ ರೇಬಿಸ್ ಕೂಡ ಹೆಚ್ಚುಕಡಿಮೆ ಹೀಗೇ, ಮನುಷ್ಯನಲ್ಲಿ ನಿಂತುಹೋಗುತ್ತದೆ. ಆದರೆ ಜೀವ ತೆಗೆದೇ ನಿಲ್ಲುತ್ತದೆ. ನಾಯಿ ಕಚ್ಚಿದರೆ 15 ನಿಮಿಷ ಸೋಪು ನೀರಲ್ಲಿ ತೊಳೆದು, ಅವತ್ತೇ ಲಸಿಕೆಗೆ ಓಡಿ.

ಕೋಳಿ, ಮೊಟ್ಟೆ ಚೆನ್ನಾಗಿ ಬೇಯಿಸಿದರೆ ತೊಂದರೆ ಇಲ್ಲ. ಅಪಾಯ ಕಾಯಿಲೆ ಕೋಳಿಯನ್ನು ಹಿಡಿಯುವ, ಕೊಯ್ಯುವ, ಪುಕ್ಕ ತರಿಯುವ ಕೈಗೆ.


ದನದ ಡಾಕ್ಟರ್ · ಜನವರಿ 11, ಬೆಳಿಗ್ಗೆ 6.30

ಪಶುವೈದ್ಯನಾಗಿ ದನದ ಬಗ್ಗೆ ಎರಡು ಮಾತು. ದನಕ್ಕೆ ಈ ಕಾಯಿಲೆ ಬಾಧಿಸುವುದಿಲ್ಲ, ದನದ ಹಾಲಿಗೆ ಹೆದರಬೇಕಾಗಿಲ್ಲ. ಆದರೆ ದೊಡ್ಡ ಉಣುಗುಗಳಿಗೆ ಅದೇ ಊಟದ ಮನೆ. ಕಾಡಿಗೆ ಮೇಯಲು ಹೋದ ಒಂದು ಹಸು ಸಂಜೆ ಕೊಟ್ಟಿಗೆಗೆ ಬರುವಾಗ ಕಿವಿಯಲ್ಲಿ, ಕೆಚ್ಚಲಿನ ಸಂದಿಯಲ್ಲಿ, ಬಾಲದ ಬುಡದಲ್ಲಿ ಎಷ್ಟು ತರುತ್ತದೆ ಅಂತ ಒಮ್ಮೆ ಬೆರಳಾಡಿಸಿ ನೋಡಿ. ಡಿಸೆಂಬರಿನಿಂದ ಮೇ ತನಕ ಕಾಯಿಲೆ ಇರುವ ಕಾಡಿಗೆ ದನ ಬಿಡಬೇಡಿ. ಉಣ್ಣೆ ಔಷಧಿ ಹಾಕಿಸಿ. ಪಶು ಆಸ್ಪತ್ರೆಯಲ್ಲಿ ಕೇಳಿ ಪ್ರಮಾಣ ತಿಳಿದುಕೊಂಡೇ ಹಾಕಿ, ಹೆಚ್ಚಾದರೆ ಹಸುವಿಗೇ ವಿಷ.


ಶಿವಮೊಗ್ಗ ಎಕ್ಸ್‌ಪ್ರೆಸ್ · ಜನವರಿ 11, ಬೆಳಿಗ್ಗೆ 8.00

ಕಾಡು ಓದುವವರೇ, ನಿಮ್ಮ ಮಾತು ಒಪ್ಪಿದೆ. ಮಂಗ ಬೇರೆ ಕಡೆ ಬಿಡುವ ಮಾತು ವಾಪಸ್ಸು ತಗೊಂಡೆ. ಆದರೆ ಡಾಕ್ಟ್ರೇ, ದನ ಬಿಡಬೇಡಿ ಅನ್ನುವುದು ಸುಲಭ. ಆರು ತಿಂಗಳು ಕಟ್ಟಿ ಹಾಕಿ ಮೇವು ಎಲ್ಲಿಂದ ತರುವುದು? ಅಜ್ಜನ ಕಾಲದಿಂದ ಬಿಟ್ಟಿದ್ದೇವೆ.


ದನದ ಡಾಕ್ಟರ್ · ಜನವರಿ 11, ಮಧ್ಯಾಹ್ನ 2.15

ಒಪ್ಪುತ್ತೇನೆ, ಸುಲಭ ಅಲ್ಲ. ನಿಮ್ಮೂರಿನಲ್ಲಿ ಮಂಗ ಸತ್ತ ಸುದ್ದಿ ಬಂದ ಕಡೆಗಾದರೂ ಬಿಡಬೇಡಿ. ಅಷ್ಟು ಮಾಡಿದರೂ ದೊಡ್ಡದು.


ಹೊಸನಗರ ತೋಟ · ಜನವರಿ 11, ರಾತ್ರಿ 8.30

ಬರೆಯುತ್ತೇನೆ ಅಂದಿದ್ದೆ. ನಾಲ್ಕು ವರ್ಷದ ಹಿಂದಿನ ಮಾತು. ಅಡಿಕೆ ಕೊಯ್ಲು ಮುಗಿದಿತ್ತು. ಬೇಲಿಗೆ ಗೂಟ ತರಲು ಕಾಡಂಚಿಗೆ ಹೋಗಿದ್ದೆ. ಆರನೇ ದಿನ ಬೆಳಿಗ್ಗೆ ಹಲ್ಲುಜ್ಜುತ್ತಾ ನಿಂತವನಿಗೆ ಚಳಿ ಹುಟ್ಟಿತು. ಮಧ್ಯಾಹ್ನದ ಹೊತ್ತಿಗೆ ಹಾಸಿಗೆಯಲ್ಲಿ ಮಗ್ಗುಲು ಬದಲಿಸಲು ಹೆಂಡತಿ ಬೇಕಾಯಿತು. ಮೀನಖಂಡ ಯಾರೋ ಒನಕೆಯಿಂದ ಕುಟ್ಟಿದ ಹಾಗೆ. ಕಣ್ಣು ಕೆಂಡ.

ಮೊದಲು ತೋರಿಸಿದ ಆಸ್ಪತ್ರೆಯಲ್ಲಿ ಸುಮ್ನೆ ವೈರಲ್ ಜ್ವರ ಅಂತ ಮಾತ್ರೆ ಕೊಟ್ಟು ಕಳಿಸಿದರು. ನಾನೂ ಕಾಡಿಗೆ ಹೋಗಿದ್ದು ಹೇಳಲಿಲ್ಲ, ಅವರೂ ಕೇಳಲಿಲ್ಲ. ಮೂರು ದಿನ ಹಾಗೇ ಕಳೆಯಿತು. ಒಸಡಿನಲ್ಲಿ ರಕ್ತ ಕಂಡ ಮೇಲೆ ಆಶಾ ಅಕ್ಕ ಗಾಡಿ ಮಾಡಿಸಿ ದೊಡ್ಡಾಸ್ಪತ್ರೆಗೆ ಕಳಿಸಿದರು. ರಕ್ತ ಶಿವಮೊಗ್ಗದ ವೈರಸ್ ಲ್ಯಾಬಿಗೆ ಹೋಗಿ ಪಾಸಿಟಿವ್ ಅಂತ ಬಂತು. ಇದಕ್ಕೆ ಅಂತಲೇ ಔಷಧಿ ಇಲ್ಲ, ಡ್ರಿಪ್ ಹಾಕಿ, ರಕ್ತ ನೋಡುತ್ತಾ ಕಾಪಾಡುತ್ತಾರೆ ಅಷ್ಟೇ ಅಂತ ಡಾಕ್ಟರು ಹೇಳಿದರು. ಹನ್ನೆರಡನೇ ದಿನ ಮನೆಗೆ ಬಂದೆ. ಒಂದು ವಾರ ಚೆನ್ನಾಗಿದ್ದೆ. ಆಮೇಲೆ ಮತ್ತೆ ಜ್ವರ, ಕುತ್ತಿಗೆ ಸೆಟೆದುಕೊಂಡಿತು, ಕೈ ನಡುಗಿ ಲೋಟ ಹಿಡಿಯಲು ಆಗಲಿಲ್ಲ. ಕೆಲವರಿಗೆ ಹೀಗೆ ಎರಡನೇ ಸಲ ಬರುತ್ತದೆ ಅಂತ ಯಾರೂ ನಮಗೆ ಮೊದಲೇ ಹೇಳಿರಲಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ. ಜ್ವರ ಬಿಟ್ಟಿತು ಅಂತ ಮೈ ಮರೆಯಬೇಡಿ.

ಮತ್ತೆ ಮರ ಹತ್ತುವ ಶಕ್ತಿ ಬರಲು ಆರು ತಿಂಗಳು ಬೇಕಾಯಿತು. ಆ ವರ್ಷದ ಔಷಧಿ ಹೊಡೆಯುವ ಕೆಲಸ ಅಕ್ಕಪಕ್ಕದವರು ಮಾಡಿಕೊಟ್ಟರು. ಆ ಋಣ ದೊಡ್ಡದು.


ಉಜಿರೆ ರಸ್ತೆ · ಜನವರಿ 12, ಬೆಳಿಗ್ಗೆ 10.00

ಅಣ್ಣ, ಓದಿ ಕಣ್ಣು ತುಂಬಿತು. ಲಸಿಕೆ ಇತ್ತಲ್ವಾ ಇದಕ್ಕೆ? ಈಗ ಯಾಕೆ ಕೊಡುತ್ತಿಲ್ಲ?


ಗುಡ್ಡದ ಸೈಕಲ್ · ಜನವರಿ 12, ಬೆಳಿಗ್ಗೆ 11.40

ಇತ್ತು. ನಾನೇ ಎಷ್ಟೋ ಜನಕ್ಕೆ ಚುಚ್ಚಿದ್ದೇನೆ. ಕೋಳಿ ಭ್ರೂಣದ ಕೋಶಗಳಲ್ಲಿ ವೈರಸ್ ಬೆಳೆಸಿ, ಫಾರ್ಮಲಿನ್ ಹಾಕಿ ಸಾಯಿಸಿ ಮಾಡಿದ ಲಸಿಕೆ. ತಿಂಗಳ ಅಂತರದಲ್ಲಿ ಎರಡು ಡೋಸ್, ಆಮೇಲೆ ಬೂಸ್ಟರ್, ಮತ್ತೆ ವರ್ಷ ವರ್ಷ. ಚುಚ್ಚಿದ ಜಾಗ ವಿಪರೀತ ಉರಿಯುತ್ತಿತ್ತು. ಒಮ್ಮೆ ಹಾಕಿಸಿಕೊಂಡವರು ಎರಡನೇ ಸಲ ನಮ್ಮನ್ನು ದೂರದಿಂದ ಕಂಡರೆ ತೋಟಕ್ಕೆ ಹೋಗಿಬಿಡುತ್ತಿದ್ದರು. ಅವರನ್ನು ಬೈಯಲಾರೆ, ಕೂಲಿ ಕೆಲಸಕ್ಕೆ ಕೈ ಎತ್ತಬೇಕಲ್ಲ. ಎರಡು ಡೋಸ್ ತಗೊಂಡವರಿಗೆ ಶೇ. 62ರಷ್ಟು, ಬೂಸ್ಟರ್ ಕೂಡ ತಗೊಂಡವರಿಗೆ ಶೇ. 83ರಷ್ಟು ರಕ್ಷಣೆ ಅಂತ ಒಂದು ಅಧ್ಯಯನದಲ್ಲಿ ಕಂಡಿತ್ತು. ಬರಬರುತ್ತಾ ಅದರ ಶಕ್ತಿಯ ಮೇಲೆ ಅನುಮಾನ ಬಂತು, 2022ರಲ್ಲಿ ನಿಲ್ಲಿಸಿದರು. ಹೊಸ ಲಸಿಕೆಯ ಕೆಲಸವನ್ನು ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ (ಐಸಿಎಂಆರ್) ಮತ್ತು ಹೈದರಾಬಾದಿನ ಇಂಡಿಯನ್ ಇಮ್ಯುನಾಲಜಿಕಲ್ಸ್ ಕೈಗೆತ್ತಿಕೊಂಡಿವೆ. 1957ರಿಂದ ಕಾಯುತ್ತಿರುವ ಜನ ನಾವು. ಇದು ಬಡವರ ಕಾಯಿಲೆ ಆಗಿರದಿದ್ದರೆ ಇಷ್ಟು ಕಾಲ ಬೇಕಾಗುತ್ತಿತ್ತಾ ಅಂತ ನನಗೆ ಪ್ರತಿ ಬೇಸಿಗೆಯಲ್ಲೂ ಅನಿಸಿದೆ.

ಸದ್ಯಕ್ಕೆ ಕೈಯಲ್ಲಿರುವುದು ಉಣುಗು ಹತ್ತದ ಹಾಗೆ ಹಚ್ಚಿಕೊಳ್ಳುವ ಡೆಪಾ ಎಣ್ಣೆ. ರಕ್ಷಣಾ ಸಂಶೋಧನಾ ಸಂಸ್ಥೆಯಾದ ಡಿಆರ್‌ಡಿಒದವರು ಕಂಡುಹಿಡಿದದ್ದು. ಕಾಡಿಗೆ ಹೋಗುವ ಮುಂಚೆ ಕೈಕಾಲಿಗೆ ಹಚ್ಚಿಕೊಳ್ಳಬೇಕು, ಬಂದು ಬಿಸಿನೀರಲ್ಲಿ ಸೋಪು ಹಾಕಿ ಸ್ನಾನ ಮಾಡಬೇಕು. ಆರೋಗ್ಯ ಕೇಂದ್ರದಲ್ಲಿ ಪುಕ್ಕಟೆ ಕೊಡುತ್ತಾರೆ, ಕೇಳಿ ಇಸಿದುಕೊಳ್ಳಿ.


ಸಾಗರದ ಮಗಳು · ಜನವರಿ 23, ಸಂಜೆ 7.20

ಎಲ್ಲರಿಗೂ ನಮಸ್ಕಾರ. ಇವತ್ತಿಗೆ ಹದಿನೈದು ದಿನ ಆಯಿತು. ಅಮ್ಮನಿಗೆ ಜ್ವರ ಬರಲಿಲ್ಲ. ಈ ಹದಿನೈದು ದಿನ ದಿನಕ್ಕೆರಡು ಸಲ ಫೋನ್ ಮಾಡಿ "ಮೈ ಬೆಚ್ಚಗಿದೆಯಾ" ಅಂತ ಕೇಳಿದ್ದೇ ಕೇಳಿದ್ದು. ಆಶಾ ಅಕ್ಕ 10ನೇ ತಾರೀಖೇ ಬಂದು ಬರೆದುಕೊಂಡು ಹೋದರು. ಮಾರನೇ ದಿನ ಆರೋಗ್ಯ ಇಲಾಖೆಯವರು ಬಂದು ಮುಸಿಯದ ಮಾದರಿ ತಗೊಂಡು, ಮೈ ಸುಟ್ಟು, ಸುತ್ತ ಪುಡಿ ಹಾಕಿದರು. ಸುಡುವಾಗ ಅಮ್ಮ ಮನೆ ಅಂಗಳದಿಂದಲೇ ಕೈ ಮುಗಿದಳಂತೆ. ವರದಿ ಮೊನ್ನೆ ಬಂತು. ಆ ಮುಸಿಯಕ್ಕೆ ಕಾಯಿಲೆ ಇದ್ದದ್ದು ನಿಜ. ಪಕ್ಕದೂರಿನ ಒಬ್ಬರು ಆಸ್ಪತ್ರೆಯಲ್ಲಿದ್ದಾರೆ, ಸುಧಾರಿಸಿಕೊಳ್ಳುತ್ತಿದ್ದಾರೆ.

ಈಗ ಅಮ್ಮನ ಪ್ರಶ್ನೆ ಬೇರೆ. "ಬೆಟ್ಟಕ್ಕೆ ಹೋಗಬೇಡ ಅಂತೀರಿ. ಕೊಟ್ಟಿಗೆಗೆ ದರಗು ಇಲ್ಲದೆ ಏನು ಹಾಸಲಿ? ಗೊಬ್ಬರ ಎಲ್ಲಿಂದ ಬರಬೇಕು?" ನನಗೆ ಉತ್ತರ ಗೊತ್ತಿಲ್ಲ.


ದನದ ಡಾಕ್ಟರ್ · ಜನವರಿ 23, ರಾತ್ರಿ 8.05

ಬಹಳ ಸಂತೋಷ ಆಯಿತು ಅಮ್ಮ. ಅವರ ಪ್ರಶ್ನೆ ಸರಿಯಾಗಿದೆ. ಒಣಗಿದ ಅಡಿಕೆ ಸಿಪ್ಪೆ ಹಾಸಬಹುದು. ಕೊಳೆಯಲು ದರಗಿಗಿಂತ ತಡ, ಗುಂಡಿಯಲ್ಲಿ ಸಗಣಿ ನೀರು ಹೊಯ್ದು ಮುಚ್ಚಿದರೆ ಬೇಗ ಆಗುತ್ತದೆ. ಜೊತೆಗೆ ಭತ್ತದ ಹುಲ್ಲಿನ ಕಸ, ತೋಟದೊಳಗೆ ಬಿದ್ದ ಸೋಗೆ ಕತ್ತರಿಸಿ ಹಾಕಿ. ಮಳೆ ಬೀಳುವ ತನಕ ಇದರಲ್ಲಿ ಸುಧಾರಿಸಬಹುದು.


ಹೊಸನಗರ ತೋಟ · ಜನವರಿ 23, ರಾತ್ರಿ 8.20

ನಾವು ನಾಲ್ಕು ವರ್ಷದಿಂದ ಸಿಪ್ಪೆಯನ್ನೇ ಹಾಸುತ್ತಿದ್ದೇವೆ. ಹಸು ಮೊದಲು ಎರಡು ದಿನ ಮಲಗಲಿಲ್ಲ, ಆಮೇಲೆ ಒಗ್ಗಿತು. ದಪ್ಪ ಹಾಸಲು ಹೇಳಿ.


ಸಾಗರದ ಮಗಳು · ಜನವರಿ 23, ರಾತ್ರಿ 9.00

ಅಮ್ಮನಿಗೆ ಓದಿ ಹೇಳಿದೆ. ಸಿಪ್ಪೆ ಅಂಗಳದ ಮೂಲೆಯಲ್ಲೇ ರಾಶಿ ಬಿದ್ದಿದೆಯಂತೆ, ನಾಳೆಯೇ ಹಾಸಿ ನೋಡುತ್ತಾಳಂತೆ. ಭಾನುವಾರ ಊರಿಗೆ ಹೊರಟಿದ್ದೇನೆ. ಡೆಪಾ ಎಣ್ಣೆ ನಮ್ಮ ಕೇರಿಯ ಎಂಟು ಮನೆಗೂ ಸಿಕ್ಕಿದೆಯಾ ಅಂತ ನೋಡಿ ಇಲ್ಲಿ ಬರೆಯುತ್ತೇನೆ.